33ನೆಯ ವಯಸ್ಸಿನಲ್ಲಿ ರಂಗವೇರಿದ ಟೀಚರು: ಮಾರ್ಗರೆಟ್ ರುದರ್‌ಫರ್ಡ್

ನಮ್ಮ ಪ್ರೌಢಶಾಲೆಯ ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗೆ ಒಬ್ಬ ಹೆಸರಾಂತ ವ್ಯಕ್ತಿಯ ಜೀವನವನ್ನು ಪರಿಚಯಿಸಿ ಲೇಖನ ಬರೆದುಕೊಡಬೇಕೆಂದು ಸಂಪಾದಕ ಸಮಿತಿಯವರು ಕೇಳಿದರು. ಸಂತೋಷದಿಂದ ಒಪ್ಪಿಕೊಂಡೆ. ಈ ಶಾಲೆಯ ಎರಡನೆಯ ತಂಡದಲ್ಲಿ ಓದಿದವಳು ನಾನು. ಮುಂದೆ ವರ್ಗಾವಣೆಯಾಗಿ ಬಂದು ಇದೇ ಶಾಲೆಯಲ್ಲಿ 9 ವರ್ಷ ಇಂಗ್ಲಿಷ್ ಪಾಠ ಮಾಡಿದವಳು. ಋಣ ತೀರಿಸಲು ಇದೊಂದು ಅವಕಾಶ ಎಂದುಕೊಂಡೆ.

ಗಾಂಧೀಜಿ, ಸರ್ ಎಂ. ವಿಶ್ವೇಶ್ವರಯ್ಯ, ಕುವೆಂಪು ಅವರ ಬಗ್ಗೆ ಬರೆಯಲು ನನಗಿಂತ ಬಲ್ಲವರು ಇದ್ದಾರೆ, ಬರೆದೂ ಕೊಟ್ಟಿದ್ದಾರೆ. ನಾನು ಆರಿಸಿಕೊಂಡದ್ದು ಇಂಗ್ಲೆಂಡಿನ ಒಬ್ಬ ಪೋಷಕ ನಟಿಯನ್ನು. ಹೆಸರು ಮಾರ್ಗರೆಟ್ ರುದರ್‌ಫರ್ಡ್. ತೀರಿಕೊಂಡು ಐವತ್ತು ವರ್ಷಗಳ ಮೇಲಾಯಿತು. ತಮ್ಮ ದೇಶದಲ್ಲಿ ಮನೆಮಾತಾಗಿದ್ದ ಈಕೆಯ ಹೆಸರನ್ನು ನಮ್ಮೂರಿನಲ್ಲಿ ಬಹಳ ಮಂದಿ ಕೇಳಿರಲಾರರು. ಆದರೂ ಯಾಕೆ ಇವರು ಎಂದು ಕೇಳುವಿರಿ. ಅದಕ್ಕೆ ನನ್ನದೊಂದು ಹಳೆಯ ಕತೆ ಹೇಳಬೇಕು.

ನಾನು 9ನೆಯ ತರಗತಿಯಲ್ಲಿದ್ದಾಗ ಶಾಲಾ ವಾರ್ಷಿಕೋತ್ಸವಕ್ಕೆ ರಾಮಾಯಣದ ಒಂದು ಪ್ರಸಂಗ ಆಡುವುದೆಂದು ತೀರ್ಮಾನವಾಯಿತು. ಸೀತೆಯ ಮಾತುಗಳನ್ನೆಲ್ಲ ನಾನು ಬಾಯಿಪಾಠ ಮಾಡಿಕೊಂಡು ಹೋಗಿದ್ದೆ. ಪಾತ್ರ ಹಂಚುವ ಹೊತ್ತಿನಲ್ಲಿ ನನ್ನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿ, ಈ ಮುಖಕ್ಕೆ ಮಂಥರೆಯೇ ಸರಿ ಎಂದುಬಿಟ್ಟರು. ತರಗತಿ ಗೊಳ್ಳೆಂದಿತು. ಬೆನ್ನಿಗೆ ದಿಂಬು ಕಟ್ಟಿಕೊಂಡು ಕೋಲೂರಿ ಮಂಥರೆಯಾದೆ. ಚಪ್ಪಾಳೆ ಬಂತು, ನಿಜ. ಆದರೆ ಎಸ್‌ಎಸ್‌ಎಲ್‌ಸಿ ಮುಗಿಯುವವರೆಗೆ ಊರಿನ ಹುಡುಗರಿಗೆ ನಾನು ಮಂಥರೆಯೇ ಆದೆ. ಬಾವಿಗೆ ನೀರಿಗೆ ಹೋದರೂ ಅದೇ ಹೆಸರು. ಆ ಮುಳ್ಳು ಬಹಳ ವರ್ಷ ಒಳಗೇ ಉಳಿದಿತ್ತು. ಅದನ್ನು ಮೆಲ್ಲಗೆ ತೆಗೆದವರು ಈ ಮಾರ್ಗರೆಟ್.

ಬಿ.ಎ. ತರಗತಿಯಲ್ಲಿ ನಮಗೆ ಆಸ್ಕರ್ ವೈಲ್ಡ್‌ನ 'ದಿ ಇಂಪಾರ್ಟೆನ್ಸ್ ಆಫ್ ಬೀಯಿಂಗ್ ಅರ್ನೆಸ್ಟ್' ನಾಟಕ ಪಠ್ಯವಾಗಿತ್ತು. ನಿವೃತ್ತಿಯಾದ ಮೇಲೆ ಬೆಂಗಳೂರಿನ ಮಗಳ ಮನೆಯಲ್ಲಿ ಅದೇ ನಾಟಕದ 1952ರ ಸಿನಿಮಾ ನೋಡಿದೆ. ಅದರಲ್ಲಿ ಮಿಸ್ ಪ್ರಿಸಂ ಎಂಬ ಮನೆಪಾಠದ ಟೀಚರಮ್ಮ ಬರುತ್ತಾಳೆ. ವರ್ಷಗಳ ಹಿಂದೆ, ಕೈಚೀಲದಲ್ಲಿ ಇಡಬೇಕಾದ ತನ್ನ ಕಾದಂಬರಿಯ ಹಸ್ತಪ್ರತಿಯನ್ನು ಮಗುವಿನ ಗಾಡಿಯಲ್ಲಿಟ್ಟು, ಮಗುವನ್ನು ಕೈಚೀಲದಲ್ಲಿಟ್ಟು ರೈಲ್ವೆ ನಿಲ್ದಾಣದಲ್ಲಿ ಮರೆತು ಬಂದವಳು ಆಕೆ. ದಪ್ಪ ಶರೀರ, ಇಳಿಬಿದ್ದ ಗದ್ದ, ಚೀಲದಂತೆ ಜೋತ ಕಣ್ಣುರೆಪ್ಪೆ. ಆಕೆ ತೆರೆಗೆ ಬಂದರೆ ಸಾಕು, ಚೆಲುವಾದ ನಾಯಕಿಯರನ್ನು ಬಿಟ್ಟು ಕಣ್ಣು ಅವಳ ಮೇಲೇ ನಿಲ್ಲುತ್ತಿತ್ತು. ಯಾರೀಕೆ ಎಂದು ಹುಡುಕುತ್ತಾ ಹೋದೆ. ಸಿಕ್ಕಿದ ಬದುಕು ಸಿನಿಮಾಕ್ಕಿಂತ ದೊಡ್ಡದಾಗಿತ್ತು.

ಮಾರ್ಗರೆಟ್ ಹುಟ್ಟಿದ್ದು 1892ರ ಮೇ 11ರಂದು, ಲಂಡನ್ನಿನ ದಕ್ಷಿಣ ಭಾಗದ ಬ್ಯಾಲಂ ಎಂಬಲ್ಲಿ. ಅವರು ಹುಟ್ಟುವುದಕ್ಕೆ 9 ವರ್ಷ ಮೊದಲೇ ಆ ಮನೆಯಲ್ಲಿ ಒಂದು ಘೋರ ಘಟನೆ ನಡೆದುಹೋಗಿತ್ತು. ತಂದೆ ವಿಲಿಯಂ ಬೆನ್ ಮದುವೆಯಾದ ಹೊಸತರಲ್ಲೇ ಬುದ್ಧಿಸ್ಥಿಮಿತ ಕಳೆದುಕೊಂಡರು. ಆಸ್ಪತ್ರೆಯಿಂದ ಬಿಡಿಸಿಕೊಂಡು, ಗಾಳಿ ಬದಲಾವಣೆಯಾಗಲೆಂದು ಅವರ ತಂದೆ ಮ್ಯಾಟ್ಲಾಕ್ ಎಂಬ ಊರಿಗೆ ಕರೆದುಕೊಂಡು ಹೋದರು. 1883ರ ಮಾರ್ಚ್‌ನಲ್ಲಿ ಅಲ್ಲಿಯೇ ವಿಲಿಯಂ ತಮ್ಮ ಹೆತ್ತ ತಂದೆಯನ್ನೇ ಹೊಡೆದು ಕೊಂದರು. ಸತ್ತವರು ಒಬ್ಬ ಪಾದ್ರಿ, ಮಗನ ಆರೈಕೆಗೆಂದೇ ಜೊತೆಗೆ ಬಂದಿದ್ದವರು. ವಿಲಿಯಂ ಅವರನ್ನು ಬ್ರಾಡ್‌ಮೂರ್ ಎಂಬ ಮಾನಸಿಕ ಆಸ್ಪತ್ರೆಗೆ ಹಾಕಿದರು. ಅಪರಾಧವೆಸಗಿದ ಮನೋರೋಗಿಗಳನ್ನು ಇಡುವ ಜಾಗ ಅದು. 7 ವರ್ಷದ ಮೇಲೆ, 1890ರಲ್ಲಿ, ಗುಣವಾಯಿತೆಂದು ಬಿಡುಗಡೆಯಾಯಿತು. ಊರವರ ಬಾಯಿಯಿಂದ ತಪ್ಪಿಸಿಕೊಳ್ಳಲು ಬೆನ್ ಎಂಬ ಮನೆತನದ ಹೆಸರನ್ನೇ ಬಿಟ್ಟು ರುದರ್‌ಫರ್ಡ್ ಎಂದು ಇಟ್ಟುಕೊಂಡರು. ಆಮೇಲೆ ಹುಟ್ಟಿದ ಒಬ್ಬಳೇ ಮಗಳು ಮಾರ್ಗರೆಟ್.

ಇಲ್ಲಿಂದ ಕತೆ ನಮ್ಮ ದಕ್ಷಿಣ ಭಾರತಕ್ಕೆ ಬರುತ್ತದೆ. ಹಳೆಯದನ್ನೆಲ್ಲ ಮರೆತು ಹೊಸ ಬಾಳು ಕಟ್ಟಿಕೊಳ್ಳುವ ಆಸೆಯಿಂದ ದಂಪತಿ ಕೂಸನ್ನು ಎತ್ತಿಕೊಂಡು ಹಡಗೇರಿ ಮದರಾಸಿಗೆ ಬಂದರು. ಮಾರ್ಗರೆಟ್ ನಡಿಗೆ ಕಲಿತ ವಯಸ್ಸು ಮದರಾಸಿನದು. ಆದರೆ ಸಮುದ್ರ ದಾಟಿದರೂ ಸಂಕಟ ಹಿಂದೆಯೇ ಬಂತು. ಗರ್ಭಿಣಿಯಾಗಿದ್ದ ತಾಯಿ ಫ್ಲಾರೆನ್ಸ್ ಅಲ್ಲಿ ಮರವೊಂದಕ್ಕೆ ನೇಣು ಹಾಕಿಕೊಂಡು ಪ್ರಾಣ ಬಿಟ್ಟರು. 3 ವರ್ಷದ ಮಗುವನ್ನು ಇಂಗ್ಲೆಂಡಿಗೆ ಕಳುಹಿಸಿಕೊಟ್ಟರು. ವಿಂಬಲ್ಡನ್ನಿನಲ್ಲಿದ್ದ ತಾಯಿಯ ಕಡೆಯ ಬೆಸ್ಸಿ ಚಿಕ್ಕಮ್ಮ ಆ ಮಗುವನ್ನು ಸಾಕಿದರು.

ತಂದೆ ಎಲ್ಲಿ ಎಂದು ಕೇಳಿದರೆ, ತಾಯಿಯ ಕೊರಗಿನಲ್ಲಿ ಅವರೂ ಹೋದರು ಎಂದು ಮಗುವಿಗೆ ಹೇಳಿದ್ದರು. 12 ವರ್ಷ ತುಂಬಿದಾಗ ಸತ್ಯ ಹೊರಬಿತ್ತು. ತಂದೆ ಸತ್ತಿರಲಿಲ್ಲ, ಮತ್ತೆ ಅದೇ ಬ್ರಾಡ್‌ಮೂರ್ ಆಸ್ಪತ್ರೆ ಸೇರಿದ್ದರು. 1921ರಲ್ಲಿ ಅಲ್ಲಿಯೇ ತೀರಿಕೊಂಡರು. ಆ ದಿನದಿಂದ ಹುಡುಗಿಯ ಮನಸ್ಸಿನಲ್ಲಿ ಒಂದು ಭಯ ಬೇರೂರಿತು. ಅಪ್ಪನಿಗೆ ಬಂದದ್ದು, ಅಮ್ಮನಿಗೆ ಬಂದದ್ದು, ನಾಳೆ ನನಗೂ ಬಂದರೆ ಎಂಬ ಭಯ. ಅದು ಕೊನೆಯವರೆಗೂ ಅವರನ್ನು ಬಿಡಲಿಲ್ಲ.

ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ನಮ್ಮ ಮನೆಯ ಹಿತ್ತಲ ಕೋಣೆಯಲ್ಲಿ ನನ್ನ ಸೋದರತ್ತೆಯೊಬ್ಬರು ಇದ್ದರು. ಆ ಕೋಣೆಯ ಅಗುಳಿ ಹೊರಗಿನಿಂದ ಇತ್ತು. ನೆಂಟರು ಬಂದರೆ, ಅಲ್ಲಿ ತೆಂಗಿನಕಾಯಿ ತುಂಬಿದ್ದೇವೆ ಎನ್ನುತ್ತಿದ್ದರು. ನಾನು ಸ್ವಲ್ಪ ಗಟ್ಟಿಯಾಗಿ ನಕ್ಕರೆ ಅಜ್ಜಿ ಕೆಲಸ ನಿಲ್ಲಿಸಿ ನನ್ನ ಮುಖವನ್ನೇ ದಿಟ್ಟಿಸುತ್ತಿದ್ದರು. ಆ ನೋಟದ ಅರ್ಥ ನನಗೆ ಗೊತ್ತಿತ್ತು. ಇದನ್ನು ಇದುವರೆಗೆ ಎಲ್ಲಿಯೂ ಹೇಳಿಲ್ಲ. ಅತ್ತೆಯೂ ಇಲ್ಲ, ಅಜ್ಜಿಯೂ ಇಲ್ಲ, ನನಗೂ ವಯಸ್ಸಾಯಿತು. ಇನ್ನು ಮುಚ್ಚಿಡುವುದರಲ್ಲಿ ಯಾರಿಗೆ ಲಾಭ?

ಮಾರ್ಗರೆಟ್ ವಿಂಬಲ್ಡನ್ ಹೈಸ್ಕೂಲಿನಲ್ಲಿ ಓದಿದರು, ಆಮೇಲೆ ಸೀಫರ್ಡ್ ಎಂಬ ಕಡಲ ತೀರದ ಊರಿನ ವಸತಿ ಶಾಲೆಯಲ್ಲಿ. ನಾಟಕದ ಹುಚ್ಚು ಅಲ್ಲಿಯೇ ಹಿಡಿದದ್ದು. ಚಿಕ್ಕಮ್ಮ ಕೈಯಿಂದ ಹಣ ಕೊಟ್ಟು ಅಭಿನಯದ ಪಾಠವನ್ನೂ ಹೇಳಿಸಿದರು. ಆದರೆ ಹೊಟ್ಟೆಪಾಡು ನೋಡಬೇಕಲ್ಲ? ಪಿಯಾನೋ ಪಾಠ, ಸ್ಪಷ್ಟವಾಗಿ ಮಾತಾಡುವ ಉಚ್ಚಾರಣೆಯ ಪಾಠ ಹೇಳಿಕೊಡುವ ಟೀಚರಾದರು. ಇಪ್ಪತ್ತರಿಂದ ಮೂವತ್ತರವರೆಗಿನ ವಯಸ್ಸು, ಅಂದರೆ ನಟಿಯರು ಹೆಸರು ಮಾಡುವ ವಯಸ್ಸೆಲ್ಲ, ಇತರರ ಮಕ್ಕಳಿಗೆ ಪಾಠ ಹೇಳುವುದರಲ್ಲಿ ಕಳೆಯಿತು.

ಬೆಸ್ಸಿ ಚಿಕ್ಕಮ್ಮ ತೀರಿಕೊಂಡಾಗ ಸಾಕುಮಗಳಿಗೆ ಸ್ವಲ್ಪ ಹಣ ಬಿಟ್ಟುಹೋಗಿದ್ದರು. ಇನ್ನೊಬ್ಬರಾಗಿದ್ದರೆ ಅದನ್ನು ಭದ್ರವಾಗಿಟ್ಟು ಪಾಠ ಮುಂದುವರಿಸುತ್ತಿದ್ದರು. ಮಾರ್ಗರೆಟ್ ಪಾಠ ಬಿಟ್ಟು ಲಂಡನ್ನಿನ ಓಲ್ಡ್ ವಿಕ್ ರಂಗಮಂದಿರ ಸೇರಿದರು. ವರ್ಷ 1925. ವಯಸ್ಸು 33. ಜೊತೆಯಲ್ಲಿ ಕಲಿಯುತ್ತಿದ್ದವರು ಅವರಿಗಿಂತ ಎಷ್ಟೋ ಚಿಕ್ಕವರು. ಚೆಲುವಿಲ್ಲ, ಎಳೆವಯಸ್ಸಿಲ್ಲ, ಹಿಂದೆ ಯಾರೂ ಇಲ್ಲ. ಸಿಕ್ಕಿದ್ದು ದಾದಿ, ಮುದುಕಿ, ಅಡುಗೆಯವಳು ಇಂಥ ಪಾತ್ರಗಳು. ಮುಂದಿನ ಕೆಲವು ವರ್ಷ ಊರೂರು ತಿರುಗುವ ಸಣ್ಣ ನಾಟಕ ಮಂಡಳಿಗಳಲ್ಲಿ ದುಡಿದರು. ಲಂಡನ್ನಿನ ದೊಡ್ಡ ರಂಗಮಂದಿರದಲ್ಲಿ ಕಾಲಿಟ್ಟದ್ದು 1933ರಲ್ಲಿ, ಮೊದಲ ಸಿನಿಮಾ 1936ರಲ್ಲಿ. ಆಗ ವಯಸ್ಸು 44.

1939ರಲ್ಲಿ ಜಾನ್ ಗೀಲ್ಗುಡ್ ನಡೆಸಿದ ನಾಟಕದಲ್ಲಿ ನಾನು ಮೇಲೆ ಹೇಳಿದ ಅದೇ ಮಿಸ್ ಪ್ರಿಸಂ ಪಾತ್ರ ಸಿಕ್ಕಿ ಜನ ಗುರುತಿಸಿದರು. ಮರುವರ್ಷ 'ರೆಬೆಕ್ಕಾ' ನಾಟಕದಲ್ಲಿ ಮಿಸೆಸ್ ಡ್ಯಾನ್ವರ್ಸ್ ಎಂಬ ಕ್ರೂರ ಮನೆವಾಳ್ತಿಯಾಗಿ ಪ್ರೇಕ್ಷಕರನ್ನು ನಡುಗಿಸಿದರು. ಬರೀ ನಗಿಸುವವರು ಎಂದು ಅವರನ್ನು ತಳ್ಳಿಹಾಕುವ ಹಾಗಿರಲಿಲ್ಲ.

ಮಹಾಯುದ್ಧದ ನಡುವೆ, 1941ರಲ್ಲಿ, ನೋಯಲ್ ಕವರ್ಡ್ ಬರೆದ 'ಬ್ಲೈತ್ ಸ್ಪಿರಿಟ್' ಎಂಬ ಹಾಸ್ಯ ನಾಟಕ ಲಂಡನ್ನಿನಲ್ಲಿ ರಂಗಕ್ಕೆ ಬಂತು. ಹೊರಗೆ ಯುದ್ಧ, ಒಳಗೆ ಜನ ಹೊಟ್ಟೆ ಹಿಡಿದು ನಗುತ್ತಿದ್ದರು. ಸತ್ತವರ ಆತ್ಮ ಕರೆಸುವ ಮೇಡಮ್ ಅರ್ಕಾಟಿ ಎಂಬ ಸೈಕಲ್ ಸವಾರಿಯ ಹೆಂಗಸು ಒಬ್ಬ ಲೇಖಕನ ಮನೆಗೆ ಬರುತ್ತಾಳೆ. ಬಾರದಿರಲಿ ಎಂದುಕೊಂಡಿದ್ದ ಅವನ ಮೊದಲ ಹೆಂಡತಿಯ ಆತ್ಮವೇ ಬಂದುಬಿಡುತ್ತದೆ. ಎರಡನೆಯ ಹೆಂಡತಿ ಪಕ್ಕದಲ್ಲೇ ಇದ್ದಾಳೆ! ಅರ್ಕಾಟಿಯಾಗಿ ಮಾರ್ಗರೆಟ್ ಇಂಗ್ಲೆಂಡಿನಲ್ಲಿ ಮನೆಮಾತಾದರು. 1945ರಲ್ಲಿ ಡೇವಿಡ್ ಲೀನ್ ಅದನ್ನು ಸಿನಿಮಾ ಮಾಡಿದಾಗಲೂ ಅವರೇ ಅರ್ಕಾಟಿ. ಈ ಡೇವಿಡ್ ಲೀನ್ ಮುಂದೆ 'ಎ ಪ್ಯಾಸೇಜ್ ಟು ಇಂಡಿಯಾ' ಚಿತ್ರಕ್ಕಾಗಿ ನಮ್ಮ ರಾಮನಗರ, ಸಾವನದುರ್ಗದ ಬಂಡೆಗಳವರೆಗೆ ಬಂದವರು.

ಆ ಅರ್ಕಾಟಿಯ ಪಾತ್ರವನ್ನು ಗಮನಿಸಿ ನೋಡಿದರೆ ಒಂದು ಮಾತು ಹೊಳೆಯುತ್ತದೆ. ಮಾರ್ಗರೆಟ್ ಎಲ್ಲಿಯೂ ನಗಿಸಲು ಹೊರಟಿಲ್ಲ. ಆಕೆಗೆ ತನ್ನ ವಿದ್ಯೆಯಲ್ಲಿ ಪೂರ್ಣ ನಂಬಿಕೆ. ಆತ್ಮ ಬಂದಿದೆ ಎಂದು ಗೊತ್ತಾದಾಗ ಚಿಕ್ಕ ಹುಡುಗಿಯಂತೆ ಕುಣಿದಾಡುತ್ತಾಳೆ. ಪಾತ್ರವನ್ನು ಅವರು ಗೇಲಿ ಮಾಡುವುದಿಲ್ಲ, ಗೌರವಿಸುತ್ತಾರೆ. ನಗು ತಾನಾಗಿ ಬರುತ್ತದೆ. ವಿಚಿತ್ರವಾಗಿ ವರ್ತಿಸುವ ಮನುಷ್ಯರನ್ನು ಜಗತ್ತು ಹೇಗೆ ನೋಡುತ್ತದೆ ಎಂಬುದು ಆ ಮನೆಯ ಮಗಳಿಗೆ ಚೆನ್ನಾಗಿ ಗೊತ್ತಿತ್ತು. ಅದಕ್ಕೇ ಇರಬೇಕು, ಅವರು ಮಾಡಿದ ಒಬ್ಬ ಅರೆಮರುಳು ಹೆಂಗಸೂ ನೋಡುವವರ ಕಣ್ಣಲ್ಲಿ ಕೀಳಾಗುವುದಿಲ್ಲ.

ನಮ್ಮ ಶಿಕ್ಷಕ ಮಿತ್ರರು ತಪ್ಪದೆ ನೋಡಬೇಕಾದ ಅವರ ಚಿತ್ರ 1950ರ 'ದಿ ಹ್ಯಾಪಿಯೆಸ್ಟ್ ಡೇಸ್ ಆಫ್ ಯುವರ್ ಲೈಫ್'. ಇಲಾಖೆಯ ಕಚೇರಿಯಲ್ಲಾದ ಒಂದು ತಪ್ಪಿನಿಂದ ಹೆಣ್ಣುಮಕ್ಕಳ ಶಾಲೆಯೊಂದನ್ನು ಗಂಡುಮಕ್ಕಳ ಶಾಲೆಯ ಕಟ್ಟಡಕ್ಕೇ ಕಳುಹಿಸಿಬಿಡುತ್ತಾರೆ. ಇರುವುದೊಂದೇ ಕಟ್ಟಡ, ಇಬ್ಬರು ಮುಖ್ಯೋಪಾಧ್ಯಾಯರು. ಹುಡುಗಿಯರ ಪೋಷಕರಿಗೆ ಹುಡುಗರು ಕಾಣಬಾರದು, ಹುಡುಗರ ಶಾಲೆ ನೋಡಲು ಬಂದ ದೊಡ್ಡವರಿಗೆ ಹುಡುಗಿಯರು ಕಾಣಬಾರದು. ಎರಡೂ ತಂಡ ಒಂದೇ ದಿನ ಬಂದಾಗ ಮಕ್ಕಳನ್ನು ಕೋಣೆಯಿಂದ ಕೋಣೆಗೆ ಓಡಿಸುವ ಪೇಚಾಟವೇ ಚಿತ್ರದ ಜೀವ. ತಪಾಸಣೆಯ ದಿನ ಪಕ್ಕದ ಕೋಣೆಯ ಬೆಂಚುಗಳನ್ನು ಹೊತ್ತು ತಂದು ಜೋಡಿಸಿದ ನಮಗೆ ಇದನ್ನು ವಿವರಿಸಬೇಕಾಗಿಲ್ಲ. ಹುಡುಗಿಯರ ಶಾಲೆಯ ಮುಖ್ಯೋಪಾಧ್ಯಾಯಿನಿ ಮಾರ್ಗರೆಟ್, ಹುಡುಗರ ಶಾಲೆಯವರು ಅಲಸ್ಟೇರ್ ಸಿಮ್. ಹಿಂದಿನ ವರ್ಷವಷ್ಟೇ ಬಂದ 'ಪಾಸ್‌ಪೋರ್ಟ್ ಟು ಪಿಮ್ಲಿಕೊ' ಚಿತ್ರದಲ್ಲಿ ಅವರು ಇತಿಹಾಸದ ಪ್ರೊಫೆಸರ್. ಲಂಡನ್ನಿನ ಒಂದು ಬೀದಿ ನಿಜಕ್ಕೂ ಬೇರೆ ದೇಶಕ್ಕೆ ಸೇರಿದ್ದು ಎಂದು ಹಳೆಯ ಕಾಗದ ನೋಡಿ ಸಾರುವ ಪಾತ್ರ.

ಅವರ ಮದುವೆಯ ಸಂಗತಿಯೂ ಹೇಳಬೇಕು. ಸ್ಟ್ರಿಂಗರ್ ಡೇವಿಸ್ ಎಂಬ ನಟರೊಂದಿಗೆ ಅವರ ಪರಿಚಯ 1930ರ ಸುಮಾರಿನದು. ಡೇವಿಸರ ತಾಯಿಗೆ ಈ ಸಂಬಂಧ ಒಪ್ಪಿಗೆಯಿರಲಿಲ್ಲ ಎನ್ನುತ್ತಾರೆ. ಇಬ್ಬರೂ ಕಾದರು. 1945ರಲ್ಲಿ ಮದುವೆಯಾದಾಗ ಮಾರ್ಗರೆಟ್‌ಗೆ ಐವತ್ತು ದಾಟಿತ್ತು, ಡೇವಿಸ್‌ಗೆ ನಲವತ್ತು ದಾಟಿತ್ತು. ಆಮೇಲೆ ಅವರಿಬ್ಬರೂ ಬಿಟ್ಟಿದ್ದಿಲ್ಲ. ಹೆಂಡತಿಯ ಬಹುತೇಕ ಚಿತ್ರಗಳಲ್ಲಿ ಗಂಡನಿಗೂ ಒಂದು ಚಿಕ್ಕ ಪಾತ್ರ ಇರಲೇಬೇಕಿತ್ತು. ಹೆಂಡತಿ ಹೆಸರು ಮಾಡಿದಳು, ತಾನು ಹಿಂದುಳಿದೆ ಎಂಬ ಕೊರಗು ಆ ಮನುಷ್ಯನಿಗೆ ಇದ್ದಂತೆ ಕಾಣುವುದಿಲ್ಲ. ಪತ್ರ ಬರೆಯುವುದು, ಚಹಾ ಮಾಡಿಕೊಡುವುದು, ಬಿಸಿನೀರಿನ ಚೀಲ ತುಂಬಿಸಿಡುವುದು ಎಲ್ಲ ಅವರದೇ.

ಇದಕ್ಕಿಂತ ದೊಡ್ಡ ಕೆಲಸ ಇನ್ನೊಂದಿತ್ತು. ಮಾರ್ಗರೆಟ್ ಹೆದರಿದ್ದು ಪೂರ್ತಿ ಸುಳ್ಳಾಗಲಿಲ್ಲ. ಖಿನ್ನತೆ ಅವರನ್ನು ಆಗಾಗ ಬಂದು ಹಿಡಿಯುತ್ತಿತ್ತು. ಎಷ್ಟೋ ಸಲ ಮಾನಸಿಕ ಆಸ್ಪತ್ರೆಗೆ ಸೇರಬೇಕಾಯಿತು, ವಿದ್ಯುತ್ ಚಿಕಿತ್ಸೆ ಪಡೆಯಬೇಕಾಯಿತು. ಪತ್ರಿಕೆಯವರಿಗೆ ಸುಳಿವು ಸಿಗದಂತೆ ಕಾಪಾಡಿ, ಪಕ್ಕದಲ್ಲಿ ಕುಳಿತು ಆರೈಕೆ ಮಾಡಿದವರು ಡೇವಿಸ್. ಸ್ವಲ್ಪ ಚೇತರಿಸಿಕೊಂಡರೆ ಮತ್ತೆ ಬಣ್ಣ, ಮತ್ತೆ ಕ್ಯಾಮೆರಾ. ಇಡೀ ದೇಶ ಅವರನ್ನು ನೋಡಿ ನಗುತ್ತಿದ್ದ ವರ್ಷಗಳೇ ಅವು. ಆ ನಗುವಿನ ಹಿಂದಿನ ಬೆಲೆ ಯಾರಿಗೂ ಗೊತ್ತಿರಲಿಲ್ಲ. ಅಪ್ಪ ಅಮ್ಮನ ಹಾಗೆ ಅವರು ಕುಸಿದುಹೋಗಲಿಲ್ಲ. ರೋಗ ಬಿಟ್ಟಿತೆಂದಲ್ಲ, ಕೈಹಿಡಿದು ಕೂರುವವರೊಬ್ಬರು ಇದ್ದರು, ಮರಳಿ ಹೋಗಲು ಒಂದು ಕೆಲಸ ಇತ್ತು. ನಮ್ಮ ಹಿತ್ತಲ ಕೋಣೆಯ ಅತ್ತೆಗೆ ಈ ಎರಡೂ ಇರಲಿಲ್ಲ.

ಬೇರೆಯವರು ನಿವೃತ್ತರಾಗಿ ಮೊಮ್ಮಕ್ಕಳನ್ನು ಆಡಿಸುವ ವಯಸ್ಸಿನಲ್ಲಿ ಮಾರ್ಗರೆಟ್ ಚಿತ್ರದ ನಾಯಕಿಯಾದರು. 1961ರಲ್ಲಿ ಅಗಾಥಾ ಕ್ರಿಸ್ಟಿಯ ಕಾದಂಬರಿ ಆಧರಿಸಿದ 'ಮರ್ಡರ್ ಶಿ ಸೆಡ್' ಬಂತು. ಮಿಸ್ ಮಾರ್ಪಲ್ ಎಂಬ ವಯಸ್ಸಾದ ಹೆಂಗಸು ಪಕ್ಕದಲ್ಲಿ ಹಾದುಹೋಗುವ ರೈಲಿನ ಕಿಟಕಿಯಲ್ಲಿ ಕೊಲೆ ನಡೆಯುವುದನ್ನು ಕಾಣುತ್ತಾಳೆ. ಮುದುಕಿಯ ಮಾತೆಂದು ಪೊಲೀಸರು ನಂಬುವುದಿಲ್ಲ. ತಾನೇ ಒಂದು ಬಂಗಲೆಗೆ ಮನೆಗೆಲಸದವಳಾಗಿ ಸೇರಿ ಕೊಲೆಗಾರನನ್ನು ಪತ್ತೆ ಮಾಡುತ್ತಾಳೆ. 1964ರೊಳಗೆ ಇನ್ನೂ 3 ಮಾರ್ಪಲ್ ಚಿತ್ರಗಳು ಬಂದವು. ತಮ್ಮ ಸ್ವಂತ ಬಟ್ಟೆಗಳನ್ನೇ ಹಾಕಿಕೊಳ್ಳುವುದಾಗಿ, ಗಂಡನಿಗೂ ಪಾತ್ರ ಬೇಕೆಂದು ಮಾರ್ಗರೆಟ್ ಪಟ್ಟು ಹಿಡಿದರು. ಊರಿನ ಗ್ರಂಥಪಾಲಕ ಮಿಸ್ಟರ್ ಸ್ಟ್ರಿಂಗರ್ ಎಂಬ ಪಾತ್ರ ಕಾದಂಬರಿಯಲ್ಲಿಲ್ಲ, ಡೇವಿಸರಿಗೆಂದೇ ಹುಟ್ಟಿದ್ದು.

ಅಗಾಥಾ ಕ್ರಿಸ್ಟಿ ಕಲ್ಪಿಸಿದ ಮಾರ್ಪಲ್ ಸಣಕಲು ಮೈಯ, ಮೆತ್ತನೆ ಮಾತಿನ ಅಜ್ಜಿ. ಆ ಚಿತ್ರಗಳು ಲೇಖಕಿಗೆ ರುಚಿಸಲಿಲ್ಲ. ಆದರೂ 1962ರಲ್ಲಿ ಬಂದ ತಮ್ಮ ಒಂದು ಮಾರ್ಪಲ್ ಕಾದಂಬರಿಯನ್ನು ಮೆಚ್ಚುಗೆಯೊಂದಿಗೆ ಮಾರ್ಗರೆಟ್ ರುದರ್‌ಫರ್ಡ್‌ಗೇ ಅರ್ಪಿಸಿದರು. ಸಿನಿಮಾ ಒಪ್ಪದಿದ್ದರೂ ನಟಿಯನ್ನು ಒಪ್ಪಿದ ದೊಡ್ಡತನ ಅದು.

1963ರ 'ದಿ ವಿ.ಐ.ಪಿ.ಸ್' ಚಿತ್ರದಲ್ಲಿ ಎಲಿಜಬೆತ್ ಟೇಲರ್, ರಿಚರ್ಡ್ ಬರ್ಟನ್ ಅವರಂಥ ತಾರೆಯರಿದ್ದರು. ಮಂಜು ಕವಿದು ಲಂಡನ್ ವಿಮಾನ ನಿಲ್ದಾಣದಲ್ಲಿ ಸಿಕ್ಕಿಬಿದ್ದ ಪ್ರಯಾಣಿಕರ ಕತೆ. ಅದರಲ್ಲಿ ಮಾರ್ಗರೆಟ್ ಬಡತನಕ್ಕೆ ಬಂದ ಒಬ್ಬ ಡಚೆಸ್. ವಂಶದ ಮನೆ ಉಳಿಸಿಕೊಳ್ಳಲು ಅಮೆರಿಕದ ಹೋಟೆಲಿನಲ್ಲಿ ಕೆಲಸಕ್ಕೆ ಹೊರಟವಳು, ವಿಮಾನ ಹತ್ತಲು ಪ್ರಾಣಭಯ. ನಗುತ್ತಾ ನಗುತ್ತಾ ನಮ್ಮ ಕಣ್ಣು ಒದ್ದೆಯಾಗುತ್ತದೆ. 1964ರ ಏಪ್ರಿಲ್‌ನಲ್ಲಿ ಶ್ರೇಷ್ಠ ಪೋಷಕ ನಟಿಯ ಆಸ್ಕರ್ ಪ್ರಶಸ್ತಿ ಈ ಪಾತ್ರಕ್ಕೆ ಬಂತು. 72 ತುಂಬಲು ಒಂದು ತಿಂಗಳು ಬಾಕಿ. ಮರುವರ್ಷದ 'ಚೈಮ್ಸ್ ಅಟ್ ಮಿಡ್‌ನೈಟ್' ಚಿತ್ರದಲ್ಲಿ ಆರ್ಸನ್ ವೆಲ್ಸ್ ಅವರಿಗೆ ಷೇಕ್ಸ್‌ಪಿಯರನ ಮಿಸ್ಟ್ರೆಸ್ ಕ್ವಿಕ್ಲಿ ಪಾತ್ರ ಕೊಟ್ಟರು. ಫಾಲ್‌ಸ್ಟಾಫ್ ಸತ್ತ ಬಗೆಯನ್ನು ಆಕೆ ಹೇಳುವ ದೃಶ್ಯದಲ್ಲಿ ಹಾಸ್ಯನಟಿ ಎಲ್ಲಿಯೂ ಕಾಣುವುದಿಲ್ಲ. ಸಾವನ್ನು ಹತ್ತಿರದಿಂದ ಕಂಡ ಒಬ್ಬ ಮುದುಕಿ ಮಾತ್ರ ಕಾಣುತ್ತಾಳೆ. 1967ರಲ್ಲಿ ಬ್ರಿಟನ್ ಸರಕಾರ ಅವರಿಗೆ ಡೇಮ್ ಪದವಿ ಕೊಟ್ಟು ಗೌರವಿಸಿತು. ಅದೇ ವರ್ಷ ಚಾರ್ಲಿ ಚಾಪ್ಲಿನ್ ನಿರ್ದೇಶಿಸಿದ ಕೊನೆಯ ಚಿತ್ರದಲ್ಲೂ ಅವರು ಕಾಣಿಸಿಕೊಂಡರು.

ಕೊನೆಯ ವರ್ಷಗಳು ಕಷ್ಟದವು. ಮರೆವಿನ ರೋಗ ಬಂದು ಮಾತುಗಳು ನೆನಪಿನಲ್ಲಿ ನಿಲ್ಲದಾದವು. ಸಾವಿರಾರು ಸಾಲು ಬಾಯಿಪಾಠ ಹೇಳಿದ ನಾಲಗೆಗೆ ಇದಕ್ಕಿಂತ ದೊಡ್ಡ ಶಿಕ್ಷೆಯಿಲ್ಲ. ಡೇವಿಸ್ ಮನೆಯಲ್ಲೇ ಇಟ್ಟುಕೊಂಡು ನೋಡಿಕೊಂಡರು. 1972ರ ಮೇ 22ರಂದು, 80 ತುಂಬಿದ 11ನೆಯ ದಿನ, ಮಾರ್ಗರೆಟ್ ತೀರಿಕೊಂಡರು. ಮರುವರ್ಷವೇ ಡೇವಿಸರೂ ಹೋದರು. ಜೆರಾರ್ಡ್ಸ್ ಕ್ರಾಸ್ ಎಂಬ ಊರಿನ ಚರ್ಚಿನ ಅಂಗಳದಲ್ಲಿ ಇಬ್ಬರೂ ಒಟ್ಟಿಗೆ ಮಲಗಿದ್ದಾರೆ. ಮೇಡಮ್ ಅರ್ಕಾಟಿ ಬರುವ ಆ ನಾಟಕದ ಹೆಸರನ್ನೇ ಸಮಾಧಿಯ ಮೇಲೆ ಕೆತ್ತಿದ್ದಾರೆ. ಸದಾ ಸಂತೋಷದ ಜೀವ ಎಂದು ಅದರ ಅರ್ಥ.

ಇಷ್ಟು ಬರೆದ ಮೇಲೆ ಈಗಿನ ಶಿಕ್ಷಕರಲ್ಲಿ ಒಂದು ವಿನಂತಿ. ವಾರ್ಷಿಕೋತ್ಸವಕ್ಕೆ ಪಾತ್ರ ಹಂಚುವಾಗ ಮಂಥರೆ, ಶಬರಿ, ಅಡುಗೂಲಜ್ಜಿ ಯಾವುದನ್ನಾದರೂ ಕೊಡಿ, ಆದರೆ ಮುಖ ನೋಡಿ ಕೊಟ್ಟೆ ಎಂದು ಹೇಳಬೇಡಿ. ಇದನ್ನು ನೀನೇ ಚೆನ್ನಾಗಿ ಮಾಡಬಲ್ಲೆ ಎಂದು ಹೇಳಿ ಕೊಡಿ. ನಾನು ಟೀಚರಾಗಿದ್ದ 9 ವರ್ಷ ಹಾಗೆಯೇ ಮಾಡಿದೆ ಎಂದು ಎದೆ ತಟ್ಟಿ ಹೇಳಲಾರೆ. ಅವಸರದಲ್ಲಿ ನಾನೂ ಯಾರಿಗಾದರೂ ನೋವು ಮಾಡಿದ್ದರೆ, ಆ ವಿದ್ಯಾರ್ಥಿನಿ ಇದನ್ನು ಓದಿ ಕ್ಷಮಿಸಲಿ. ಮನೆಯಲ್ಲಿ ಮನಸ್ಸಿನ ಕಾಯಿಲೆಯವರನ್ನು ಇಟ್ಟುಕೊಂಡಿರುವ ಊರಿನ ಬಂಧುಗಳಿಗೆ ಹೇಳುವುದಿಷ್ಟೇ: ಕೋಣೆಯ ಅಗುಳಿ ತೆಗೆಯಿರಿ, ವೈದ್ಯರಲ್ಲಿಗೆ ಕರೆದುಕೊಂಡು ಹೋಗಿ, ಪಕ್ಕದಲ್ಲಿ ಕುಳಿತುಕೊಳ್ಳಿ.

ಸುವರ್ಣ ಮಹೋತ್ಸವದ ಸಂಜೆ ಹಳೆಯ ವಿದ್ಯಾರ್ಥಿಗಳು ಅದೇ ರಾಮಾಯಣದ ಪ್ರಸಂಗವನ್ನು ಮತ್ತೆ ಆಡುತ್ತಾರಂತೆ. ಮಂಥರೆಯ ಪಾತ್ರಕ್ಕೆ ನಾನಾಗಿಯೇ ಹೆಸರು ಕೊಟ್ಟಿದ್ದೇನೆ. ಈ ಸಲ ಬಿಳಿಕೂದಲಿಗೆ ಬಣ್ಣ ಬೇಡ, ಬೆನ್ನಿಗೆ ದಿಂಬೂ ಬಹಳ ಬೇಕಾಗಲಾರದು. ಎಲ್ಲರೂ ಬನ್ನಿ. ನಮ್ಮ ಶಾಲೆ ನೂರನ್ನೂ ಕಾಣಲಿ.